ಮಡಚಿಕೊಂಡ ಬೆರಳು: ಸೂಜಿಯೋ, ಚಾಕುವೋ?

1811ರಲ್ಲಿ ಫ್ರಾನ್ಸಿನ ವೈನ್ ವ್ಯಾಪಾರಿಯೊಬ್ಬ ಪೀಪಾಯಿಯ ಅಂಚಿಗೆ ಎಡಗೈ ಬೆರಳು ಕೊಟ್ಟು ಎತ್ತುವಾಗ ಅಂಗೈಯೊಳಗೆ ಏನೋ ಚಟ್ ಎಂದ ಹಾಗಾಯಿತು. ಕೆಲವು ದಿನ ನೋವಿತ್ತು, ಹೋಯಿತು. ಆಮೇಲೆ ಉಂಗುರದ ಬೆರಳು ಮೆಲ್ಲಗೆ ಬಾಗತೊಡಗಿತು, ಅದರ ಹಿಂದೆಯೇ ಕಿರುಬೆರಳು. 20 ವರ್ಷ ಕಳೆಯುವಷ್ಟರಲ್ಲಿ ಎರಡೂ ಬೆರಳು ಅಂಗೈ ಕಡೆಗೆ ಮಡಚಿಕೊಂಡಿದ್ದವು. ಇನ್ನೊಂದು ಕೈಯಿಂದ ಹಿಡಿದೆಳೆದರೂ ನೆಟ್ಟಗಾಗುತ್ತಿರಲಿಲ್ಲ.

1831ರ ಜೂನ್ 12ರಂದು ಪ್ಯಾರಿಸ್‌ನ ಹೆಸರಾಂತ ಶಸ್ತ್ರವೈದ್ಯ ಗಿಯೋಮ್ ಡುಪ್ಯುಟ್ರೆನ್ ಆ ಕೈಯನ್ನು ಕೊಯ್ದು ಬೆರಳು ಬಿಡಿಸಿದರು. ಅರಿವಳಿಕೆಯೆಂಬುದು ಇರಲಿಲ್ಲ, ಈಥರ್ ಬರಲು ಇನ್ನೂ 15 ವರ್ಷವಿತ್ತು. ಅದೇ ಡಿಸೆಂಬರ್ 5ರಂದು ಓಟೆಲ್ ದ್ಯೂ ಆಸ್ಪತ್ರೆಯಲ್ಲಿ ಅವರು ಈ ಕಾಯಿಲೆಯ ಬಗ್ಗೆ ಉಪನ್ಯಾಸ ಕೊಟ್ಟರು. ಅಂದಿನಿಂದ ಅದಕ್ಕೆ ಅವರದೇ ಹೆಸರು: ಡುಪ್ಯುಟ್ರೆನ್ ಕಾಂಟ್ರಾಕ್ಚರ್.

ಹೀಗೆ ಹೇಳಿದರೆ ಕಥೆ ಚೊಕ್ಕವಾಗಿ ಕಾಣುತ್ತದೆ. ಮೊದಲು ಚಾಕು ಬಂತು, ಕಾಲ ಮುಂದುವರಿದಂತೆ ಸೂಜಿ ಬಂತು, ಈಗ ಕೊಯ್ಯದೆಯೇ ವಾಸಿ ಮಾಡಬಹುದು ಎಂಬ ಭಾವನೆ ಹಲವರಲ್ಲಿದೆ. ಇತಿಹಾಸ ಹೇಳುವುದು ಬೇರೆ. ಸಣ್ಣ ರಂಧ್ರದ ಚಿಕಿತ್ಸೆಯೇ ಮೊದಲು ಬಂದದ್ದು. ಅದು ಬಂದು, ಹಿಂದೆ ಸರಿದು, ಮತ್ತೆ ಬಂದಿದೆ. ಪ್ರತಿ ಸಲವೂ ವೈದ್ಯರ ಮುಂದೆ ನಿಂತದ್ದು ಒಂದೇ ಪ್ರಶ್ನೆ: ಎಷ್ಟು ಕತ್ತರಿಸಬೇಕು, ಅದಕ್ಕೆ ರೋಗಿ ತೆರುವ ಬೆಲೆ ಏನು?

ಅದಕ್ಕೂ ಮೊದಲು ಇನ್ನೊಂದು ಪ್ರಶ್ನೆ ಬಗೆಹರಿಯಬೇಕಿತ್ತು. ಬೆರಳನ್ನು ಎಳೆದು ಹಿಡಿದಿರುವುದು ಯಾವುದು?

ಕನ್ನಡದ ಮನೆಮಾತಿನಲ್ಲಿ ಇದಕ್ಕೆ ಉತ್ತರ ಸಲೀಸು: ‘ನರ ಎಳೆದುಕೊಂಡಿದೆ.’ ರಕ್ತ ಹರಿಯುವ ನಾಳವೂ ನಮಗೆ ನರವೇ, ಸಂವೇದನೆ ಒಯ್ಯುವ ತಂತುವೂ ನರವೇ, ಸ್ನಾಯುವನ್ನು ಮೂಳೆಗೆ ಕಟ್ಟುವ ಹುರಿಯೂ ನರವೇ. ಯುರೋಪಿನ ವೈದ್ಯರಿಗೆ ಬೇರೆ ಬೇರೆ ಪದಗಳಿದ್ದವು. ಆದರೂ ಅವರೂ ಇಲ್ಲಿ ಎಡವಿದರು. ಬಾಸೆಲ್‌ನ ಫೆಲಿಕ್ಸ್ ಪ್ಲಾಟರ್ 1614ರಲ್ಲಿ ಕಲ್ಲುಕುಟಿಗನೊಬ್ಬನ ಎಡಗೈಯ ಇವೇ ಎರಡು ಬೆರಳು ಮಡಚಿಕೊಂಡದ್ದನ್ನು ವರ್ಣಿಸಿದ್ದರು. ಬೆರಳು ಮಡಚುವ ಹುರಿಗಳು, ಅಂದರೆ ಸ್ನಾಯುರಜ್ಜುಗಳು, ಜಾಗ ಬಿಟ್ಟು ಮೇಲೆದ್ದಿವೆ ಎಂದು ಅವರು ಭಾವಿಸಿದರು. ಚರ್ಮದಡಿಯಲ್ಲಿ ಬಿಗಿದ ಹಗ್ಗದಂತೆ ಕಾಣುವುದನ್ನು ನೋಡಿದರೆ ಯಾರಿಗಾದರೂ ಹಾಗೆಯೇ ಅನಿಸೀತು. ಅದೇ ನಿಜವಾಗಿದ್ದರೆ ಅದನ್ನು ಕತ್ತರಿಸುವುದು ಅನಾಹುತ. ಸ್ನಾಯುರಜ್ಜು ತುಂಡಾದರೆ ಬೆರಳು ನೆಟ್ಟಗಾಗಬಹುದು, ಆದರೆ ಮತ್ತೆಂದೂ ಮಡಚುವುದಿಲ್ಲ.

ಸರಿಯಾದ ಉತ್ತರ ಸಿಕ್ಕದ್ದು ಲಂಡನ್ನಿನಲ್ಲಿ. ಹೆನ್ರಿ ಕ್ಲೈನ್ ಎಂಬ ಶಸ್ತ್ರವೈದ್ಯರು 1777ರಲ್ಲಿ ಇಂಥ ಕೈಗಳನ್ನು ಶವಚ್ಛೇದನ ಮಾಡಿ ನೋಡಿದರು. ಸ್ನಾಯುರಜ್ಜುಗಳಿಗೆ ಏನೂ ಆಗಿರಲಿಲ್ಲ. ಬಿಗಿದುಕೊಂಡಿದ್ದುದು ಅವುಗಳ ಮೇಲೆ, ಚರ್ಮಕ್ಕೆ ಕೆಳಗೆ ಹರಡಿರುವ ಗಟ್ಟಿ ಪೊರೆ, ಪಾಮಾರ್ ಫೇಷಿಯಾ. ಲ್ಯಾಟಿನ್ನಿನಲ್ಲಿ ಫೇಷಿಯಾ ಎಂದರೆ ಪಟ್ಟಿ ಎಂದಷ್ಟೇ ಅರ್ಥ. ಅಂಗೈಯ ಚರ್ಮ ಜಾರದಂತೆ ಹಿಡಿದಿಡುವ ಈ ಪಟ್ಟಿ ದಪ್ಪಗಾಗಿ, ಗಂಟು ಕಟ್ಟಿ, ಕುಗ್ಗುತ್ತಾ ಬೆರಳನ್ನು ತನ್ನತ್ತ ಎಳೆಯುತ್ತದೆ. ಕಾಕತಾಳೀಯವೆಂದರೆ ಡುಪ್ಯುಟ್ರೆನ್ ಹುಟ್ಟಿದ್ದೂ ಅದೇ 1777ರಲ್ಲಿ.

ಕ್ಲೈನ್ ಅವರ ಶಿಷ್ಯ ಆಸ್ಟ್ಲಿ ಕೂಪರ್ 1822ರಲ್ಲಿ ಪ್ರಕಟಿಸಿದ ತಮ್ಮ ಗ್ರಂಥದಲ್ಲಿ ಚಿಕಿತ್ಸೆಯನ್ನೂ ಸೂಚಿಸಿದರು. ಚೂಪಾದ ಕಿರುಚಾಕುವನ್ನು ಚರ್ಮದ ಸಣ್ಣ ಗಾಯದ ಮೂಲಕ ಒಳಗೆ ತೂರಿಸಿ ಬಿಗಿದ ಪಟ್ಟಿಯನ್ನು ತುಂಡರಿಸುವುದು, ಬೆರಳನ್ನು ನೀಡಿ ದಬ್ಬೆ ಕಟ್ಟುವುದು. ಇಂದು ‘ಮಿನಿಮಲಿ ಇನ್ವೇಸಿವ್’ ಎಂದು ಕರೆಯುವ ವಿಧಾನದ ತಿರುಳು ಇಷ್ಟೇ. ಅದು ಡುಪ್ಯುಟ್ರೆನ್ ಅವರ ಶಸ್ತ್ರಕ್ರಿಯೆಗಿಂತ 9 ವರ್ಷ ಹಳೆಯದು.

ಡುಪ್ಯುಟ್ರೆನ್ ಚರ್ಮವನ್ನು ಅಡ್ಡಕ್ಕೆ ಕೊಯ್ದು, ಪಟ್ಟಿಯನ್ನು ಕಣ್ಣಿಗೆ ಕಾಣುವಂತೆ ತೆರೆದು ಕತ್ತರಿಸಿದರು. ಕಾಣುವುದರಿಂದ ಪಕ್ಕದ ನರ, ರಕ್ತನಾಳಗಳನ್ನು ಉಳಿಸುವುದು ಸುಲಭ. ಆದರೆ ಅಂದು ತೆರೆದ ಗಾಯವೆಂದರೆ ಕೀವು, ಕೀವೆಂದರೆ ಪ್ರಾಣಭಯ. ಹೀಗಾಗಿ ಸಣ್ಣ ರಂಧ್ರದ ದಾರಿಯನ್ನು ಇಂಗ್ಲೆಂಡ್ ಬಿಟ್ಟುಕೊಡಲಿಲ್ಲ. ಲಂಡನ್ನಿನ ವಿಲಿಯಂ ಆಡಮ್ಸ್ 1870ರ ದಶಕದಲ್ಲಿ ಸಣ್ಣ ಅಲಗಿನ ಚಾಕುವಿನಿಂದ, ಚರ್ಮದಡಿಯಲ್ಲಿ ಒಂದೇ ಪಟ್ಟಿಯನ್ನು ಹಲವು ಕಡೆ ತುಂಡರಿಸುವ ಕ್ರಮ ರೂಢಿಸಿದರು.

ಅಷ್ಟರಲ್ಲಿ ಆಟದ ನಿಯಮಗಳೇ ಬದಲಾಗಿದ್ದವು. 1846ರಲ್ಲಿ ಈಥರ್ ಬಂತು; 1867ರಲ್ಲಿ ಜೋಸೆಫ್ ಲಿಸ್ಟರ್ ಗಾಯ ಕೊಳೆಯದಂತೆ ತಡೆಯುವ ಕ್ರಮವನ್ನು ಪ್ರಕಟಿಸಿದರು. ರೋಗಿ ಚೀರುವುದಿಲ್ಲ, ಗಾಯ ಕೀವಾಗುವುದಿಲ್ಲ ಎಂದಾದ ಮೇಲೆ ಶಸ್ತ್ರವೈದ್ಯರಿಗೆ ಧೈರ್ಯ ಬಂತು. ಪಟ್ಟಿಯನ್ನು ಬರೀ ತುಂಡರಿಸಿದರೆ ಅದು ಮತ್ತೆ ಬೆಳೆದು ಕೂಡಿಕೊಳ್ಳುತ್ತದೆ, ಬೆರಳು ಮತ್ತೆ ಮಡಚುತ್ತದೆ. ಹಾಗಿದ್ದರೆ ಪಟ್ಟಿಯನ್ನೇ ತೆಗೆದುಹಾಕಿದರಾಯಿತಲ್ಲ? ಈ ತರ್ಕ 20ನೇ ಶತಮಾನದ ನಡುವಿನ ಹೊತ್ತಿಗೆ ತುದಿ ಮುಟ್ಟಿತು. ಕಾಯಿಲೆ ತಗುಲದ ಭಾಗವನ್ನೂ ಸೇರಿಸಿ ಅಂಗೈಯ ಇಡೀ ಪೊರೆಯನ್ನು ಕಿತ್ತುಹಾಕುವುದು ರೂಢಿಗೆ ಬಂತು. ಫಲ ಕಹಿಯಾಗಿತ್ತು. ಅಂಗೈಯಲ್ಲಿ ರಕ್ತ ಹೆಪ್ಪುಗಟ್ಟುವುದು, ಚರ್ಮ ಸಾಯುವುದು, ಬಾಗಿದ್ದ ಬೆರಳು ಈಗ ಮರಗಟ್ಟಿದಂತಾಗಿ ಮಡಚಲೂ ಬಾರದಿರುವುದು. ಇಷ್ಟೆಲ್ಲ ಆದಮೇಲೂ ಕಾಯಿಲೆ ಮರಳುವುದು ನಿಲ್ಲಲಿಲ್ಲ.

ಹಿಂದಡಿ ಇಡುವುದು ಅನಿವಾರ್ಯವಾಯಿತು. ಕಾಯಿಲೆ ತಗುಲಿದ ಪಟ್ಟಿಯನ್ನಷ್ಟೇ ತೆಗೆಯುವ ‘ಲಿಮಿಟೆಡ್ ಫೇಷಿಯೆಕ್ಟಮಿ’ ಮುಖ್ಯ ಶಸ್ತ್ರಕ್ರಿಯೆಯಾಯಿತು, ಇಂದಿಗೂ ಅದೇ ಆಗಿದೆ. 1964ರಲ್ಲಿ ಮೆಕ್ಯಾಶ್ ಎಂಬ ಬ್ರಿಟಿಷ್ ವೈದ್ಯರು ಅಂಗೈಯ ಅಡ್ಡಗಾಯಕ್ಕೆ ಹೊಲಿಗೆ ಹಾಕದೆ, ತಾನೇ ಮಾಯಲು ಬಿಡುವ ಕ್ರಮವನ್ನು ಪ್ರಕಟಿಸಿದರು. ಡುಪ್ಯುಟ್ರೆನ್ ತಮ್ಮ ರೋಗಿಯ ಗಾಯವನ್ನು ಹಾಗೆಯೇ ಬಿಟ್ಟಿದ್ದರು.

ಸೂಜಿ ಮರಳಿದ್ದು 1970ರ ದಶಕದಲ್ಲಿ, ಅದೂ ಡುಪ್ಯುಟ್ರೆನ್ ಅವರ ಪ್ಯಾರಿಸ್‌ನಲ್ಲಿಯೇ. ಅದನ್ನು ತಂದ ಲೆರ್ಮುಸಿಯೋ ಮತ್ತು ಡೆಬೇರ್ ಶಸ್ತ್ರವೈದ್ಯರಲ್ಲ, ಕೀಲುರೋಗ ತಜ್ಞರು. ಸ್ಥಳೀಯ ಅರಿವಳಿಕೆ ಕೊಟ್ಟು, ಇಂಜೆಕ್ಷನ್ ಸೂಜಿಯ ಮೊನೆಯಿಂದಲೇ ಪಟ್ಟಿಯನ್ನು ಗೀರಿ ಗೀರಿ ದುರ್ಬಲಗೊಳಿಸಿ, ಬೆರಳನ್ನು ಎಳೆದು ಪಟ್ಟಿ ಹರಿಯುವಂತೆ ಮಾಡುವುದು ಅವರ ವಿಧಾನ. ಕೆಲಸ ಹೊರರೋಗಿ ವಿಭಾಗದಲ್ಲೇ ಮುಗಿಯುತ್ತದೆ, ಕೆಲವೇ ದಿನದಲ್ಲಿ ಕೈ ಬಳಕೆಗೆ ಬರುತ್ತದೆ. ಸೂಜಿ ಪಕ್ಕದ ನರಕ್ಕೋ ಸ್ನಾಯುರಜ್ಜುವಿಗೋ ತಾಗುವ ಅಪಾಯ ಇಲ್ಲವೆಂದಲ್ಲ; ಅದಕ್ಕೇ ಪಳಗಿದ ಕೈ ಬೇಕು.

ಮೂರನೆಯ ದಾರಿ ಬ್ಯಾಕ್ಟೀರಿಯದಿಂದ ಬಂತು. ಪಟ್ಟಿ ಬಹುಪಾಲು ಕೊಲಾಜೆನ್ ಎಂಬ ಪ್ರೋಟೀನಿನದು; ಅದನ್ನು ಕರಗಿಸುವ ಕೊಲಾಜಿನೇಸ್ ಕಿಣ್ವವನ್ನು ಪಟ್ಟಿಗೆ ಚುಚ್ಚಿ, ಮರುದಿನವೋ ಕೆಲವು ದಿನದ ನಂತರವೋ ಬೆರಳನ್ನು ಎಳೆದು ನೆಟ್ಟಗೆ ಮಾಡುವುದು. 308 ರೋಗಿಗಳ ಮೇಲೆ ನಡೆದು 2009ರಲ್ಲಿ ಪ್ರಕಟವಾದ ಪ್ರಯೋಗದಲ್ಲಿ, ಕಿಣ್ವ ಪಡೆದ ಕೀಲುಗಳಲ್ಲಿ 64%ರಷ್ಟು ಹೆಚ್ಚುಕಡಿಮೆ ಪೂರ್ತಿ ನೆಟ್ಟಗಾದವು. ಬರೀ ಹುಸಿ ಔಷಧ ಪಡೆದವುಗಳಲ್ಲಿ 6.8% ಮಾತ್ರ. 2010ರಲ್ಲಿ ಅಮೆರಿಕ ಇದಕ್ಕೆ ಅನುಮತಿ ಕೊಟ್ಟಿತು. ಹತ್ತು ವರ್ಷದ ನಂತರ ತಯಾರಕರು ಯುರೋಪಿನ ಮಾರುಕಟ್ಟೆಯಿಂದ ಅದನ್ನು ಹಿಂತೆಗೆದುಕೊಂಡರು. ಕಾರಣ ಸುರಕ್ಷತೆಯಲ್ಲ, ವ್ಯಾಪಾರ.

ಹಾಗಾದರೆ ಯಾವುದು ಮೇಲು? ಈ ಪ್ರಶ್ನೆಗೆ ಅನುಭವದ ಮಾತಿನ ಬದಲು ಅಂಕಿಯಲ್ಲಿ ಉತ್ತರ ಸಿಕ್ಕದ್ದು ಇತ್ತೀಚೆಗಷ್ಟೇ. ನೆದರ್‌ಲ್ಯಾಂಡ್ಸ್‌ನ ಪ್ರಯೋಗವೊಂದು ಸೂಜಿ ಮತ್ತು ಶಸ್ತ್ರಕ್ರಿಯೆಗಳನ್ನು 5 ವರ್ಷ ಹಿಂಬಾಲಿಸಿ 2012ರಲ್ಲಿ ವರದಿ ಮಾಡಿತು. ಸೂಜಿಯ ಗುಂಪಿನಲ್ಲಿ ಸುಮಾರು 85% ಮಂದಿಗೆ ಕಾಯಿಲೆ ಮರಳಿತ್ತು, ಶಸ್ತ್ರಕ್ರಿಯೆಯ ಗುಂಪಿನಲ್ಲಿ ಸುಮಾರು 21% ಮಂದಿಗೆ. ಫಿನ್ಲೆಂಡಿನಲ್ಲಿ 302 ರೋಗಿಗಳ ಮೇಲೆ ಮೂರೂ ವಿಧಾನಗಳನ್ನು ಹೋಲಿಸಿದ ಪ್ರಯೋಗ 2024ರಲ್ಲಿ ಪ್ರಕಟವಾಯಿತು. ಮೂರು ತಿಂಗಳಲ್ಲಿ ಮೂರರ ಫಲವೂ ಒಂದೇ ಸಮ, 70%ಕ್ಕೆ ತುಸು ಮೇಲೆ. ಎರಡು ವರ್ಷ ಕಳೆದಾಗ ಶಸ್ತ್ರಕ್ರಿಯೆಯ ಯಶಸ್ಸು 78%, ಕಿಣ್ವದ್ದು 65%, ಸೂಜಿಯದು 50%.

ಇಲ್ಲಿಗೆ ಚಾಕು ಗೆದ್ದಿತು ಎಂದು ಬರೆದು ಮುಗಿಸಬಹುದಿತ್ತು. ಆದರೆ ಆ ಡಚ್ ಪ್ರಯೋಗದಲ್ಲಿ ಇನ್ನೊಂದು ಅಂಕಿ ಇದೆ. ಕಾಯಿಲೆ ಮರಳಿದರೆ ಯಾವ ಚಿಕಿತ್ಸೆ ಬೇಕು ಎಂದು ಕೇಳಿದಾಗ 53% ರೋಗಿಗಳು ಸೂಜಿಯೇ ಇರಲಿ ಎಂದರು. ಶಸ್ತ್ರಕ್ರಿಯೆಯೆಂದರೆ ವಾರಗಟ್ಟಲೆ ಬ್ಯಾಂಡೇಜು, ವ್ಯಾಯಾಮ, ನೋವು. 75 ದಾಟಿದವರಿಗೆ ಐದು ವರ್ಷದ ನಂತರ ಬೆರಳು ಮತ್ತೆ ಬಾಗುವುದಕ್ಕಿಂತ ಬರುವ ವಾರ ಕೈ ಬಳಸಲಾಗುವುದೇ ದೊಡ್ಡದಾಗಿರಬಹುದು. 45ರ ವಯಸ್ಸಿನ ಬಡಗಿಗೆ ಲೆಕ್ಕ ತಿರುಗುಮುರುಗಾಗಬಹುದು. ಮರಳಿ ಬರುವುದನ್ನು ವೈದ್ಯರು ಸೋಲು ಎಂದು ಎಣಿಸುತ್ತಾರೆ. ಅದು ಯಾರಿಗೆ ಎಷ್ಟು ದೊಡ್ಡ ಸೋಲು ಎಂಬುದನ್ನು ರೋಗಿಯೇ ಹೇಳಬೇಕು. ಇನ್ನೂರು ವರ್ಷದ ಈ ಜಗ್ಗಾಟದಲ್ಲಿ ಬಹುಕಾಲ ಯಾರೂ ಕೇಳದೆ ಉಳಿದ ದನಿ ಅದೇ.

ಉತ್ತರ ಯುರೋಪಿನ ಮೂಲದವರಲ್ಲಿ ಹೆಚ್ಚಾಗಿರುವ ಈ ಕಾಯಿಲೆ ಭಾರತದಲ್ಲಿ ಅಪರೂಪ. ಆದರೆ ಮಧುಮೇಹ ಇರುವವರಿಗೆ ಇದು ಬರುವ ಸಂಭವ ಜಾಸ್ತಿ, ಮಧುಮೇಹ ನಮ್ಮಲ್ಲಿ ಅಪರೂಪವಲ್ಲ. ನಮ್ಮಲ್ಲಿ ಮಡಚಿದ ಬೆರಳಿಗೆ ಬೇರೆ ಕಾರಣಗಳೂ ಇವೆ. ಕುಷ್ಠರೋಗದಲ್ಲಿ ಬೆರಳು ಕೊಕ್ಕೆಯಾಗುವುದು ಪಟ್ಟಿಯಿಂದಲ್ಲ, ನರ ಸತ್ತು ಸ್ನಾಯು ಸೋತಿದ್ದರಿಂದ. 1940ರ ದಶಕದ ಕೊನೆಯಲ್ಲಿ ವೆಲ್ಲೂರಿನಲ್ಲಿ ಪಾಲ್ ಬ್ರ್ಯಾಂಡ್ ಅಂಥ ಕೈಗಳಿಗೆ ಮಾಡಿದ್ದು, ಗಟ್ಟಿಯಿರುವ ಸ್ನಾಯುವಿನ ರಜ್ಜುವನ್ನು ಸೋತ ಜಾಗಕ್ಕೆ ತಿರುಗಿಸಿ ಕಟ್ಟುವ ಶಸ್ತ್ರಕ್ರಿಯೆ. ಅಲ್ಲಿ ಸೂಜಿಗೆ ಕೆಲಸವೇ ಇಲ್ಲ. ಬೆಳಿಗ್ಗೆ ಬೆರಳು ಸಿಕ್ಕಿಕೊಂಡು ಟಕ್ಕೆಂದು ಬಿಡಿಸಿಕೊಳ್ಳುವ ಟ್ರಿಗರ್ ಫಿಂಗರ್ ಇನ್ನೂ ಬೇರೆ. ಅದರ ತೊಂದರೆ ಸ್ನಾಯುರಜ್ಜು ಹಾದುಹೋಗುವ ಇಕ್ಕಟ್ಟಾದ ಬಳೆಯಲ್ಲಿ. ಮೂರಕ್ಕೂ ಮನೆಯಲ್ಲಿ ‘ನರ’ ಎಂದರೆ ನಡೆಯುತ್ತದೆ, ಚಿಕಿತ್ಸೆಯಲ್ಲಿ ನಡೆಯುವುದಿಲ್ಲ.

ಅಂಗೈಯಲ್ಲಿ ಗಂಟೊಂದು ಕಂಡ ಮಾತ್ರಕ್ಕೆ ಸೂಜಿಯೂ ಬೇಡ, ಚಾಕುವೂ ಬೇಡ. ಎಷ್ಟೋ ಗಂಟುಗಳು ವರ್ಷಗಟ್ಟಲೆ ಹಾಗೆಯೇ ಇದ್ದುಬಿಡುತ್ತವೆ. ಆಸ್ಟ್ರೇಲಿಯದ ಶಸ್ತ್ರವೈದ್ಯ ಜಾನ್ ಹ್ಯೂಸ್ಟನ್ ಹೇಳಿಕೊಟ್ಟ ಸರಳ ಪರೀಕ್ಷೆ ಈಗಲೂ ಬಳಕೆಯಲ್ಲಿದೆ. ಅಂಗೈಯನ್ನು ಮೇಜಿನ ಮೇಲೆ ಊರಿ ನೋಡುವುದು. ಅಂಗೈ, ಬೆರಳು ಎಲ್ಲವೂ ಮೇಜಿಗೆ ತಾಗಿದರೆ ಕಾಯಬಹುದು. ಬೆರಳು ಏಳುತ್ತಿದ್ದರೆ ಕೈಯ ವೈದ್ಯರ ಬಳಿ ಹೋಗುವ ಸಮಯ ಬಂದಿದೆ ಎಂದರ್ಥ. ಅಲ್ಲಿ ಕೇಳಬೇಕಾದ ಪ್ರಶ್ನೆಗಳು ಎರಡು. ಎಷ್ಟು ದಿನ ಕೈ ಕಟ್ಟಿಕೊಂಡು ಕೂರಬೇಕಾದೀತು? ಮರಳಿ ಬಂದರೆ ಮುಂದೇನು?