ಟ್ಯೂಬಿನ ಜಮಾ-ಖರ್ಚು

ಲಿವರ್‌ಪೂಲಿನ ಮನೆಯ ಹಿತ್ತಲಲ್ಲಿ ಮಗನ ಸೈಕಲ್ಲಿಗೆ ನಾನೇ ಪಂಕ್ಚರ್ ಹಾಕುತ್ತೇನೆ. ದಾವಣಗೆರೆಯಲ್ಲಿ ಬಿ.ಕಾಂ. ಓದುವಾಗ ಸೈಕಲ್ ಶಾಪಿನಲ್ಲಿ ನೋಡಿ ಕಲಿತದ್ದು: ಟೈರಿನ ಅಂಚು ಎಬ್ಬಿಸಿ ಟ್ಯೂಬು ಎಳೆಯುವುದು, ನೀರಿನಲ್ಲಿ ಅದ್ದಿ ಗುಳ್ಳೆ ಹುಡುಕುವುದು, ಉಜ್ಜಿ ಸಲ್ಯೂಷನ್ ಹಚ್ಚುವುದು, ಅದು ಒಣಗಿದ ಮೇಲೆ ಪ್ಯಾಚ್ ಒತ್ತುವುದು.

ಮೊದಲು ಇದು ಇಷ್ಟು ಸಲೀಸಾಗಿರಲಿಲ್ಲ. ಬೆಲ್‌ಫಾಸ್ಟಿನ ಪಶುವೈದ್ಯ ಜಾನ್ ಡನ್‌ಲಪ್ ಮಗನ ಮೂರುಗಾಲಿ ಸೈಕಲ್ಲಿಗೆಂದು ಗಾಳಿ ಟೈರು ಮಾಡಿ, 1888ರಲ್ಲಿ ಪೇಟೆಂಟ್ ಪಡೆದರು. ಆದರೆ ಅದನ್ನು ರಿಮ್ಮಿಗೆ ಅಂಟಿಸಿಬಿಡುತ್ತಿದ್ದರು. ರಿಪೇರಿಗೆ ಗಂಟೆಗಟ್ಟಲೆ ಬೇಕಿತ್ತು. 1891ರಲ್ಲಿ ಫ್ರಾನ್ಸಿನ ಮಿಷೆಲಿನ್ ಸಹೋದರರು ಬಿಚ್ಚಿ ಹಾಕುವ ಟೈರು ತಂದರು. ಅದೇ ವರ್ಷ ಶಾರ್ಲ್ ತೆರೋ ಆ ಟೈರಿನಲ್ಲೇ ಪ್ಯಾರಿಸ್–ಬ್ರೆಸ್ಟ್–ಪ್ಯಾರಿಸ್ ಪಂದ್ಯ ಗೆದ್ದರು. ಸೈಕಲ್ ಮನೆಮಾತಾಯಿತು, ರಬ್ಬರಿಗೆ ಬೇಡಿಕೆ ಏರಿತು.

ನಾನು ಲೆಕ್ಕಿಗ, ಜಮಾ ನೋಡಿದ ಮೇಲೆ ಖರ್ಚನ್ನೂ ನೋಡಬೇಕು. ಆ ರಬ್ಬರಿನ ಒಂದು ಪಾಲು ಬೆಲ್ಜಿಯಂ ದೊರೆ ಎರಡನೆಯ ಲಿಯೋಪೋಲ್ಡನ ವಶದಲ್ಲಿದ್ದ ಕಾಂಗೋದಿಂದ ಬರುತ್ತಿತ್ತು. ಇದೇ ಲಿವರ್‌ಪೂಲಿನ ಎಲ್ಡರ್ ಡೆಂಪ್‌ಸ್ಟರ್ ಹಡಗು ಕಂಪನಿಯ ಗುಮಾಸ್ತ ಎಡ್ಮಂಡ್ ಮೊರೆಲ್ ಲೆಕ್ಕ ತಾಳೆ ನೋಡಿದರು. ಬರುವ ಹಡಗಿನ ತುಂಬ ರಬ್ಬರು, ದಂತ. ಹೋಗುವುದರಲ್ಲಿ ಹೆಚ್ಚಾಗಿ ಬಂದೂಕು, ಮದ್ದುಗುಂಡು. ಸರಕಿಗೆ ಕೊಟ್ಟ ಬೆಲೆ ಎಲ್ಲಿ? ಜನರನ್ನು ಹಿಂಸಿಸಿ ದುಡಿಸುತ್ತಿದ್ದಾರೆಂದು ಅವರಿಗೆ ಹೊಳೆಯಿತು. ಕೆಲಸ ಬಿಟ್ಟರು, 1904ರಲ್ಲಿ ಕಾಂಗೋ ಸುಧಾರಣಾ ಸಂಘ ಕಟ್ಟಿದರು. 1908ರಲ್ಲಿ ಕಾಂಗೋ ದೊರೆಯ ಕೈಬಿಟ್ಟಿತು.

ವೋಚರ್ ಇಲ್ಲದ ಎಂಟ್ರಿ ಕಂಡರೆ ಅಲ್ಲೇ ನಿಲ್ಲಿ ಎಂದು ಸಿ.ಎ. ಓದುವಾಗ ನಮಗೂ ಕಲಿಸಿದ್ದರು. ಮೊರೆಲ್ ನಿಂತರು. ನಾನು ಎಷ್ಟು ಸಲ ನಿಂತಿದ್ದೇನೆ? ಸಲ್ಯೂಷನ್ ಒಣಗುವಷ್ಟು ಹೊತ್ತು ಆ ಪ್ರಶ್ನೆ ಕಾಡುತ್ತದೆ.