ಕ್ರೀಡಾಸಂಭಾಷಣೆಯೂ ಕನ್ನಡವೂ

ಮಂಡ್ಯ, ಮದ್ದೂರು, ಮಳವಳ್ಳಿ ಸೀಮೆಯ ಜಗುಲಿಗಳಲ್ಲಿ ಚೌಕಾಬಾರವನ್ನಾಡುವವರಿಗೆ ಕವಡೆಯಷ್ಟೇ ಮಾತೂ ಅವಶ್ಯಕವು. ಗರವನ್ನು ಕೂಗುವುದು, ಕಾಯಿ ಕಡಿದುದನ್ನು ಸಾರುವುದು, ಎದುರಾಳಿಯನ್ನು ಕೆಣಕುವುದು ಇವೆಲ್ಲವೂ ಆಟದ ಅಂಗಗಳೇ. ಅಲ್ಲಿ ಆಡಿದ ಮಾತಿಗೆ ಆಡಿದವನ ಮುಖವೇ ಭಾಷ್ಯವು.

ಮುಖವನ್ನು ಕಾಣದೆ ಯಂತ್ರಜಾಲದಲ್ಲಿ ಹಲವರು ಕೂಡಿ ಆಡುವ ಆಟಗಳಲ್ಲಿ, 1978ರಲ್ಲಿ ಇಂಗ್ಲೆಂಡಿನ ಎಸೆಕ್ಸ್ ವಿಶ್ವವಿದ್ಯಾನಿಲಯದಲ್ಲಿ ಟ್ರಬ್‌ಷಾ ಎಂಬವರು ಆರಂಭಿಸಿ ಬಾರ್ಟ್‌ಲ್ ಎಂಬವರು ಮುಂದುವರಿಸಿದ ‘ಮಡ್’ ಪ್ರಸಿದ್ಧವಾದುದು. ಅದರಲ್ಲಿ ಸಂಭಾಷಣೆಯೆಲ್ಲವೂ ಬೆರಳಚ್ಚಿನ ಇಂಗ್ಲಿಷ್ ಅಕ್ಷರಗಳಲ್ಲಿಯೇ ನಡೆಯುತ್ತಿದ್ದಿತು. ಕನ್ನಡ ಲಿಪಿಗೆ ಯೂನಿಕೋಡಿನಲ್ಲಿ 1991ರಲ್ಲಿಯೇ ಸ್ಥಾನವು ದೊರೆತರೂ, ಆಟದ ಆತುರದಲ್ಲಿ ಒತ್ತಕ್ಷರಗಳನ್ನು ಜೋಡಿಸಲು ವ್ಯವಧಾನವೆಲ್ಲಿಯದು?

ಈ ತೊಡಕನ್ನು ಬಿಡಿಸಿದುದು ಧ್ವನಿಯು. 2018ರಲ್ಲಿ ಬಂದ ಪಬ್ಜಿ ಮೊಬೈಲಿನಲ್ಲಿ ತಂಡದವರು ಬಾಯಿಮಾತಿನಲ್ಲಿಯೇ ಪರಸ್ಪರ ಎಚ್ಚರಿಸಿಕೊಳ್ಳಬಹುದಾಗಿದ್ದಿತು. ಆ ಆಟವು ಭಾರತದಲ್ಲಿ 2020ರ ಸೆಪ್ಟೆಂಬರ್ 2ರಂದು ನಿಷಿದ್ಧವಾಗಲು, 2021ರ ಜುಲೈ 2ರಂದು ಅದರ ಸ್ಥಾನಕ್ಕೆ ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ ಬಂದಿತು. ಧ್ವನಿಗೆ ಲಿಪಿಯ ಹಂಗಿಲ್ಲವಾದುದರಿಂದ ಮಳವಳ್ಳಿಯವನು ಮದ್ದೂರಿನವನೊಡನೆ ಸ್ವಂತ ನುಡಿಯಲ್ಲಿಯೇ ಆಡಬಲ್ಲನು.

ಆದರೆ ಬರೆದುದು ಉಳಿಯುವುದು, ಆಡಿದುದು ಅಳಿಯುವುದು. ಕನ್ನಡವನ್ನು ಆಟಕ್ಕೆ ಮರಳಿಸಿದ ಸಾಧನವೇ ಅದರ ಕುರುಹನ್ನು ಉಳಿಸದು. ಜಗುಲಿಯ ಆಟದ ಮಾತನ್ನೂ ಜಾಲದ ಆಟದ ಮಾತನ್ನೂ ಒಟ್ಟಿಗೆ ಸಂಗ್ರಹಿಸುವುದು ನಿಘಂಟುಕಾರರ ಕರ್ತವ್ಯವು, ವಿಳಂಬವಾದಷ್ಟೂ ನಷ್ಟವು.