ಟಿಎಸ್‌ಸಿ ಬಾಚ್ಕಾ ತೊಪೊಲಾ

ಸರ್ಬಿಯದ ಉತ್ತರದಲ್ಲಿರುವ ವೊಯ್ವೊದಿನಾ ಪ್ರಾಂತ್ಯದ ಬಾಚ್ಕಾ ತೊಪೊಲಾ ಎಂಬ ಸಣ್ಣ ಪಟ್ಟಣದ ಫುಟ್‌ಬಾಲ್ ಕ್ಲಬ್. ಸ್ಥಾಪನೆ 1913. ಟಿಎಸ್‌ಸಿ ಎಂಬ ಮೂರಕ್ಷರದ ಪೂರ್ಣರೂಪ 'ತೊಪೊಯೈ ಸ್ಪೋರ್ಟ್ ಕ್ಲಬ್', ಅಂದರೆ ತೊಪೊಲಾದ ಕ್ರೀಡಾ ಕ್ಲಬ್. ಇದು ಸರ್ಬಿಯನ್ ಅಲ್ಲ, ಹಂಗೇರಿಯನ್ ಹೆಸರು. ಸರ್ಬಿಯದ ಕ್ಲಬ್ಬಿಗೆ ಹಂಗೇರಿಯನ್ ಹೆಸರೇಕೆ ಎಂದು ಕೇಳಿದರೆ ಕ್ಲಬ್ಬಿನ ಕಥೆಯ ಮುಕ್ಕಾಲು ಪಾಲನ್ನು ಹೇಳಬೇಕಾಗುತ್ತದೆ.

ನೊವಿ ಸಾದ್ ನಗರದಿಂದ ಹಂಗೇರಿಯ ಗಡಿಯ ಕಡೆಗೆ ಹೋಗುವ ದಾರಿಯಲ್ಲಿ, ಸುಬೊತಿತ್ಸಾ ಸಿಗುವುದಕ್ಕೆ ಮುಂಚೆ, ಕ್ರಿವಾಯಾ ಎಂಬ ಚಿಕ್ಕ ನದಿಯ ಪಕ್ಕದಲ್ಲಿ ಈ ಊರಿದೆ. ಸುತ್ತಲೂ ಕಣ್ಣು ಹಾಯುವಷ್ಟು ದೂರ ಕಪ್ಪು ಮಣ್ಣಿನ ಬಯಲು. ಗೋಧಿ, ಮೆಕ್ಕೆಜೋಳ, ಸೂರ್ಯಕಾಂತಿ ಬೆಳೆಯುವ ಸೀಮೆ. ಜನಸಂಖ್ಯೆ ಹನ್ನೆರಡು ಸಾವಿರದ ಆಸುಪಾಸು, ಅದೂ ವರ್ಷದಿಂದ ವರ್ಷಕ್ಕೆ ಇಳಿಯುತ್ತಿದೆ. ಸುತ್ತಲಿನ ಹಳ್ಳಿಗಳನ್ನೂ ಸೇರಿಸಿ ಎಣಿಸಿದರೆ ಹಂಗೇರಿಯನ್ ಮಾತನಾಡುವವರದೇ ಹೆಚ್ಚಿನ ಸಂಖ್ಯೆ. ಅಂಗಡಿಯ ಫಲಕಗಳಲ್ಲಿ ಎರಡು ಭಾಷೆ, ಊರಿಗೂ ಎರಡು ಹೆಸರು: ಸರ್ಬಿಯನ್ನರಿಗೆ ಬಾಚ್ಕಾ ತೊಪೊಲಾ, ಹಂಗೇರಿಯನ್ನರಿಗೆ ತೊಪೊಯಾ.

1913ರಲ್ಲಿ ಕ್ಲಬ್ ಹುಟ್ಟಿದಾಗ ಊರು ಆಸ್ಟ್ರಿಯಾ–ಹಂಗೇರಿ ಸಾಮ್ರಾಜ್ಯದಲ್ಲಿತ್ತು. ಮರುವರ್ಷವೇ ಮೊದಲ ಮಹಾಯುದ್ಧ. ಯುದ್ಧದಲ್ಲಿ ಸಾಮ್ರಾಜ್ಯ ಒಡೆದುಹೋಯಿತು. 1918ರ ಕೊನೆಗೆ ಸರ್ಬಿಯದ ಸೇನೆ ಬಂತು, 1920ರ ಟ್ರಿಯಾನಾನ್ ಒಪ್ಪಂದ ಹೊಸ ಗಡಿಗೆ ಮುದ್ರೆ ಒತ್ತಿತು. ಮನೆ ಬಿಟ್ಟು ಕದಲದವರೂ ಬೇರೆ ದೇಶದ ಪ್ರಜೆಗಳಾದರು. 1941ರಲ್ಲಿ ಹಂಗೇರಿ ಬಾಚ್ಕಾ ಸೀಮೆಯನ್ನು ಮತ್ತೆ ವಶಪಡಿಸಿಕೊಂಡಿತು, 1944ರಲ್ಲಿ ಕಳೆದುಕೊಂಡಿತು. ಆಮೇಲೆ ಟಿಟೊ ಅವರ ಸಮಾಜವಾದಿ ಯುಗೊಸ್ಲಾವಿಯ, 1992ರಿಂದ ಅದರ ಚೂರು, 2003ರಿಂದ ಸರ್ಬಿಯ–ಮಾಂಟೆನೆಗ್ರೊ, 2006ರಿಂದ ಸರ್ಬಿಯ. ಒಂದೇ ಊರಿನ ಕ್ಲಬ್ ಇಷ್ಟು ದೇಶಗಳನ್ನು ಕಂಡಿದೆ.

ಆಡಳಿತ ಬದಲಾದಾಗ ಕ್ಲಬ್ಬಿನ ಫಲಕವೂ ಬದಲಾಯಿತು. ಎರಡನೇ ಮಹಾಯುದ್ಧ ಮುಗಿದ ಮೇಲೆ 'ಎಗ್ಯ್‌ಶೇಗ್' ಎಂದು ಹೆಸರಿಟ್ಟರು. ಹಂಗೇರಿಯನ್ನಿನಲ್ಲಿ ಇದಕ್ಕೆ ಒಗ್ಗಟ್ಟು ಎಂದರ್ಥ, ಹೊಸ ಸರ್ಕಾರಕ್ಕೆ ಒಪ್ಪುವ ಮಾತು. ನಂತರ ಊರಿನ ಹೆಸರನ್ನೇ ಹೊತ್ತು 'ತೊಪೊಲಾ' ಆಯಿತು. 1970ರ ದಶಕದಿಂದ 'ಎಐಕೆ'. ಇದು ಊರಿನ ಕೃಷಿ–ಕೈಗಾರಿಕಾ ಸಂಸ್ಥೆಯ ಸಂಕ್ಷಿಪ್ತ ಹೆಸರು. ಹೊಲ, ಗಿರಣಿ, ಕಸಾಯಿಖಾನೆಗಳನ್ನೆಲ್ಲ ಒಂದೇ ಆಡಳಿತದ ಕೆಳಗೆ ನಡೆಸುವ ಇಂಥ ಸಂಸ್ಥೆಗಳನ್ನು ಅಲ್ಲಿ 'ಕೊಂಬಿನಾತ್' ಎನ್ನುತ್ತಿದ್ದರು. ಸಮಾಜವಾದಿ ಯುಗೊಸ್ಲಾವಿಯದ ಸಣ್ಣ ಊರುಗಳಲ್ಲಿ ಆಟಗಾರರ ಸಂಬಳ, ಬೂಟು, ಬಸ್ಸಿನ ಖರ್ಚನ್ನು ಕಾರ್ಖಾನೆಯೇ ನೋಡಿಕೊಳ್ಳುವುದು ವಾಡಿಕೆಯಾಗಿತ್ತು, ಹೆಸರೂ ಅದರದೇ ಆಗುತ್ತಿತ್ತು. ಈ ಅವಧಿಯಲ್ಲಿ ಕ್ಲಬ್ ದೇಶದ ಮೊದಲ ದರ್ಜೆಯ ಲೀಗನ್ನು ಒಮ್ಮೆಯೂ ಮುಟ್ಟಲಿಲ್ಲ. ಕೆಳಗಿನ ಲೀಗುಗಳಲ್ಲಿ ಏರುತ್ತ ಇಳಿಯುತ್ತ ದಶಕಗಳು ಕಳೆದವು.

ಎಐಕೆ ಹೆಸರನ್ನು ಇವತ್ತಿಗೂ ನೆನಪಿನಲ್ಲಿ ಉಳಿಸಿರುವುದು ಗೆಲುವುಗಳಲ್ಲ, ಊರಿನ ಇಬ್ಬರು ಹುಡುಗರು. ಮೊದಲನೆಯವನು 1980ರಲ್ಲಿ ಹುಟ್ಟಿದ ನಿಕೊಲಾ ಝಿಗಿಚ್. ಎತ್ತರ 2.02 ಮೀಟರ್. 1998ರಿಂದ ಮೂರು ವರ್ಷ ಎಐಕೆ ಪರ 76 ಪಂದ್ಯ ಆಡಿ 68 ಗೋಲು ಹೊಡೆದ. ಕೆಳದರ್ಜೆಯ ಲೀಗಿನ ಲೆಕ್ಕವಾದ್ದರಿಂದ ಇದನ್ನು ಯಾರೂ ಗಂಭೀರವಾಗಿ ತೆಗೆದುಕೊಂಡಿರಲಿಕ್ಕಿಲ್ಲ. ಕಡ್ಡಾಯ ಸೈನಿಕ ಸೇವೆಗೆಂದು ಮಾಂಟೆನೆಗ್ರೊದ ಬಾರ್ ಪಟ್ಟಣಕ್ಕೆ ಹೋದವನು ಅಲ್ಲಿಯೂ ಆಡಿದ. 2003ರಲ್ಲಿ ಬೆಲ್‌ಗ್ರೇಡಿನ ರೆಡ್ ಸ್ಟಾರ್, ಅಲ್ಲಿಂದ ಸ್ಪೇನಿನ ರಾಸಿಂಗ್ ಸಾಂತಾಂದೇರ್, ವಲೆನ್ಸಿಯಾ, ಬಳಿಕ ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮ್ ಸಿಟಿ. 2011ರ ಇಂಗ್ಲಿಷ್ ಲೀಗ್ ಕಪ್ ಫೈನಲ್‌ನಲ್ಲಿ ಆರ್ಸೆನಲ್ ವಿರುದ್ಧ ಮೊದಲ ಗೋಲು ಅವನದು. ಬರ್ಮಿಂಗ್‌ಹ್ಯಾಮ್ 2–1ರಿಂದ ಗೆದ್ದಿತು. ಎರಡನೆಯವನು 1988ರಲ್ಲಿ ಹುಟ್ಟಿದ ದುಶಾನ್ ತಾದಿಚ್. ಎಐಕೆಯ ಮಕ್ಕಳ ತಂಡದಲ್ಲಿ ಚೆಂಡು ಒದೆಯಲು ಕಲಿತು, ಚಿಕ್ಕ ವಯಸ್ಸಿನಲ್ಲೇ ನೊವಿ ಸಾದ್‌ನ ವೊಯ್ವೊದಿನಾ ಕ್ಲಬ್ ಸೇರಿದ. 2019ರ ಮಾರ್ಚಿನಲ್ಲಿ ಅವನಿದ್ದ ನೆದರ್ಲೆಂಡ್ಸಿನ ಆಯಾಕ್ಸ್ ತಂಡ ರಿಯಲ್ ಮ್ಯಾಡ್ರಿಡ್ ತಂಡವನ್ನು ಅದರ ಅಂಗಳದಲ್ಲೇ 4–1ರಿಂದ ಹೊಡೆದು ಚಾಂಪಿಯನ್ಸ್ ಲೀಗಿನಿಂದ ಹೊರಗಟ್ಟಿದ ರಾತ್ರಿ, ಆ ಆಟದ ಹೀರೊ ಅವನೇ. ಸರ್ಬಿಯದ ಪರ ಅತಿ ಹೆಚ್ಚು ಪಂದ್ಯ ಆಡಿದ ದಾಖಲೆಯೂ ಅವನ ಹೆಸರಿನಲ್ಲಿದೆ.

ಇಂಥವರನ್ನು ಕೊಟ್ಟ ಕ್ಲಬ್ 2000ರ ದಶಕದ ಆರಂಭದಲ್ಲಿ ದುಡ್ಡಿಲ್ಲದೆ ಮುಚ್ಚಿಹೋಯಿತು. ಸಮಾಜವಾದಿ ವ್ಯವಸ್ಥೆ ಕುಸಿದ ಮೇಲೆ ಫುಟ್‌ಬಾಲ್ ಸಾಕುವಷ್ಟು ಶಕ್ತಿ ಕೊಂಬಿನಾತ್‌ಗಳಿಗೆ ಉಳಿದಿರಲಿಲ್ಲ. 2005ರಲ್ಲಿ ಪಕ್ಕದ ಬೈಶಾ ಹಳ್ಳಿಯ ಕ್ಲಬ್ಬಿನ ಜೊತೆ ಸೇರಿ 'ಬಾಚ್ಕಾ ತೊಪೊಲಾ' ಎಂದು ಮತ್ತೆ ಎದ್ದು ನಿಂತಿತು. 2013ರಲ್ಲಿ, ನೂರು ತುಂಬಿದ ವರ್ಷ, ಹುಟ್ಟಿದಾಗಿನ ಹಂಗೇರಿಯನ್ ಹೆಸರನ್ನೇ ಮರಳಿ ಇಟ್ಟುಕೊಂಡಿತು.

ಆ ಹೆಸರಿನ ಜೊತೆಗೆ ಹಂಗೇರಿಯ ಹಣವೂ ಬಂತು. 2010ರಿಂದ ಹಂಗೇರಿಯ ಪ್ರಧಾನಿಯಾಗಿದ್ದ ವಿಕ್ಟರ್ ಓರ್ಬಾನ್‌ಗೆ ಫುಟ್‌ಬಾಲ್ ಎಂದರೆ ಪ್ರಾಣ. ಎರಡು ಸಾವಿರ ಜನರೂ ಇಲ್ಲದ ತನ್ನ ಫೆಲ್ಚೂತ್ ಹಳ್ಳಿಯಲ್ಲಿ ಭಾರಿ ಕ್ರೀಡಾಂಗಣ ಎಬ್ಬಿಸಿದ ಮನುಷ್ಯ. ಟ್ರಿಯಾನಾನ್ ಒಪ್ಪಂದದಿಂದ ಗಡಿಯಾಚೆ ಉಳಿದ ಹಂಗೇರಿಯನ್ನರ ಊರುಗಳ ಕ್ಲಬ್ಬುಗಳಿಗೂ ಬುಡಾಪೆಸ್ಟಿನಿಂದ ನೆರವು ಹರಿಯತೊಡಗಿತು. ಸ್ಲೊವಾಕಿಯದ ಡಿಎಸಿ, ರುಮೇನಿಯದ ಸೆಪ್ಸಿ, ಸರ್ಬಿಯದ ಟಿಎಸ್‌ಸಿ ಇದೇ ಸಾಲಿನವು. ಬೆಲ್‌ಗ್ರೇಡಿನ ಸರ್ಕಾರ ಅಡ್ಡಿ ಮಾಡಲಿಲ್ಲ. ಸರ್ಬಿಯದ ಅಧ್ಯಕ್ಷ ಅಲೆಕ್ಸಾಂದರ್ ವುಚಿಚ್ ಮತ್ತು ಓರ್ಬಾನ್ ಆಗ ಗಳಸ್ಯ ಕಂಠಸ್ಯ. ಆಟಗಾರರ ತರಬೇತಿ ಅಕಾಡೆಮಿ, ಮೈದಾನಗಳು ಒಂದೊಂದಾಗಿ ಎದ್ದವು. 2021ರ ಸೆಪ್ಟೆಂಬರಿನಲ್ಲಿ 4,500 ಆಸನಗಳ ಟಿಎಸ್‌ಸಿ ಅರೆನಾ ತೆರೆಯಿತು. ಊರಿನ ಮೂರರಲ್ಲಿ ಒಂದು ಪಾಲಿಗಿಂತ ಹೆಚ್ಚು ಜನ ಒಟ್ಟಿಗೆ ಕೂರಬಹುದಾದ ಜಾಗ ಅದು.

ಪರರಾಜ್ಯದ ಬೊಕ್ಕಸದಿಂದ ಬೆಳೆದ ತಂಡ ಎಂಬ ಟೀಕೆ ಟಿಎಸ್‌ಸಿಯ ಬೆನ್ನು ಬಿಟ್ಟಿಲ್ಲ. ಅದರಲ್ಲಿ ಸತ್ಯವಿದೆ. ಆದರೆ ಅದೇ ಬೊಕ್ಕಸದಿಂದ ನೀರು ಕುಡಿದ ಕ್ಲಬ್ಬುಗಳೆಲ್ಲ ಹೀಗೆ ಮೇಲೇರಲಿಲ್ಲ ಎಂಬುದನ್ನೂ ಜೊತೆಗೆ ಹೇಳಬೇಕು. 2018–19ರಲ್ಲಿ ಎರಡನೇ ದರ್ಜೆಯ ಲೀಗ್ ಗೆದ್ದು ತಂಡ ಮೊದಲ ಬಾರಿಗೆ ದೇಶದ ಅತ್ಯುನ್ನತ ಲೀಗಾದ ಸೂಪರ್‌ಲೀಗಾ ಸೇರಿತು. ಆಗ ಅದಕ್ಕೆ ನೂರ ಆರು ವರ್ಷ. ಕೋವಿಡ್‌ನಿಂದ ತುಂಡಾದ ಮೊದಲ ಋತುವಿನಲ್ಲೇ ನಾಲ್ಕನೇ ಸ್ಥಾನ, ಯುರೋಪಾ ಲೀಗಿನ ಅರ್ಹತಾ ಸುತ್ತಿಗೆ ಪ್ರವೇಶ. ಮೊಲ್ಡೊವದ ಪೆತ್ರೊಕುಬ್ ತಂಡವನ್ನು 2–0ರಿಂದ ಮಣಿಸಿದ ಮೇಲೆ, 2020ರ ಸೆಪ್ಟೆಂಬರ್ 17ರಂದು ಎದುರಾದದ್ದು ರುಮೇನಿಯದ ಎಫ್‌ಸಿಎಸ್‌ಬಿ. ಹೆಚ್ಚುವರಿ ಸಮಯ ಮುಗಿದಾಗ ಫಲಕದಲ್ಲಿ 6–6. ಹನ್ನೆರಡು ಗೋಲು ನೋಡಿದ ಮೇಲೂ ತೀರ್ಮಾನಕ್ಕೆ ಪೆನಾಲ್ಟಿ ಬೇಕಾಯಿತು, ಅಲ್ಲಿ ಟಿಎಸ್‌ಸಿ 4–5ರಿಂದ ಸೋತಿತು.

ಸರ್ಬಿಯದ ಲೀಗ್ ಎಂದರೆ ಬೆಲ್‌ಗ್ರೇಡಿನ ರೆಡ್ ಸ್ಟಾರ್ ಮತ್ತು ಪಾರ್ಟಿಜಾನ್‌ಗಳ ಗುತ್ತಿಗೆ. 1998ರಲ್ಲಿ ಒಬಿಲಿಚ್ ಗೆದ್ದ ನಂತರ 2025ರವರೆಗೂ ಪಟ್ಟ ಈ ಎರಡರ ಕೈ ತಪ್ಪಿಲ್ಲ. ಅಂಥ ಲೀಗಿನಲ್ಲಿ 2022–23ರಲ್ಲಿ ಝಾರ್ಕೊ ಲಾಝೆತಿಚ್ ತರಬೇತಿಯ ಟಿಎಸ್‌ಸಿ ರೆಡ್ ಸ್ಟಾರ್ ಹಿಂದೆ ಎರಡನೆಯದಾಗಿ ಮುಗಿಸಿತು. ಪಾರ್ಟಿಜಾನ್ ನಾಲ್ಕನೆಯದಕ್ಕೆ ಜಾರಿತು. ಈ ಸ್ಥಾನ ಟಿಎಸ್‌ಸಿಯನ್ನು ಚಾಂಪಿಯನ್ಸ್ ಲೀಗಿನ ಅರ್ಹತಾ ಸುತ್ತಿಗೆ ತಂದಿತು. ಪೋರ್ಚುಗಲ್ಲಿನ ಬ್ರಾಗಾ ಎರಡು ಪಂದ್ಯಗಳಲ್ಲಿ ಒಟ್ಟು 7–1ರಿಂದ ಹೊರದಬ್ಬಿತು. ಆದರೂ ಯುರೋಪಾ ಲೀಗಿನ ಗುಂಪು ಹಂತದಲ್ಲಿ ಜಾಗ ಸಿಕ್ಕಿತು. ಎದುರಾಳಿಗಳು ಆಗಷ್ಟೇ ಕಾನ್ಫರೆನ್ಸ್ ಲೀಗ್ ಗೆದ್ದಿದ್ದ ಇಂಗ್ಲೆಂಡಿನ ವೆಸ್ಟ್ ಹ್ಯಾಮ್, ಜರ್ಮನಿಯ ಫ್ರೈಬುರ್ಗ್, ಗ್ರೀಸಿನ ಒಲಿಂಪಿಯಾಕೋಸ್.

ಲಂಡನ್ನಿನ ಮೊದಲ ಪಂದ್ಯದಲ್ಲಿ ವಿರಾಮ ಮುಗಿದೊಡನೆ ಪೆತಾರ್ ಸ್ತಾನಿಚ್ ಗೋಲು ಹೊಡೆದಾಗ ಟಿಎಸ್‌ಸಿ 1–0ರಿಂದ ಮುಂದಿತ್ತು. ಕೊನೆಗೆ 3–1ರಿಂದ ಸೋತಿತು. ವೆಸ್ಟ್ ಹ್ಯಾಮ್ ತೊಪೊಲಾಕ್ಕೆ ಬಂದ ದಿನ 89ನೇ ನಿಮಿಷದವರೆಗೂ ಗೋಲಿಲ್ಲ, ತೊಮಾಶ್ ಸೌಚೆಕ್ ಹೊಡೆದ ಒಂದೇ ಒಂದು ಗೋಲು ಪಂದ್ಯ ಕಸಿದುಕೊಂಡಿತು. ಫ್ರೈಬುರ್ಗ್ ಎದುರು ಎರಡೂ ಕಡೆ ಏಟು ಬಿತ್ತು. ಆರು ಪಂದ್ಯಗಳಿಂದ ಸಿಕ್ಕಿದ್ದು ಒಂದೇ ಅಂಕ, ತಮ್ಮ ಅಂಗಳದಲ್ಲಿ ಒಲಿಂಪಿಯಾಕೋಸ್ ಜೊತೆಗಿನ 2–2 ಸಮಬಲದಿಂದ. ಅದೇ ಒಲಿಂಪಿಯಾಕೋಸ್ ಈ ಗುಂಪಿನಲ್ಲಿ ಮೂರನೆಯದಾಗಿ ಕಾನ್ಫರೆನ್ಸ್ ಲೀಗಿಗೆ ಇಳಿದು, 2024ರ ಮೇ ತಿಂಗಳಲ್ಲಿ ಆ ಕಪ್ಪನ್ನು ಎತ್ತಿತು.

ಮುಂದಿನ ಋತುವಿನಲ್ಲಿ ಟಿಎಸ್‌ಸಿಯೂ ಕಾನ್ಫರೆನ್ಸ್ ಲೀಗ್ ಆಡಿತು. ಸ್ವಿಟ್ಜರ್ಲೆಂಡಿನ ಲುಗಾನೊ ತಂಡವನ್ನು 4–1ರಿಂದ ಸೋಲಿಸಿ ಲೀಗ್ ಹಂತ ದಾಟಿತು. 2025ರ ಫೆಬ್ರವರಿಯಲ್ಲಿ ಪೋಲೆಂಡಿನ ಯಾಗಿಯೆಲೊನಿಯಾ ಎರಡು ಪಂದ್ಯಗಳಲ್ಲೂ 3–1ರಿಂದ ಗೆದ್ದು ಅದರ ಓಟವನ್ನು ನಿಲ್ಲಿಸಿತು. ಯುದ್ಧದ ಕಾರಣ ಸ್ವದೇಶದಲ್ಲಿ ಆಡಲಾಗದ ಇಸ್ರೇಲಿನ ಮಕ್ಕಾಬಿ ಟೆಲ್ ಅವಿವ್ ತನ್ನ ಕೆಲವು ಯುರೋಪಿಯನ್ 'ತವರು' ಪಂದ್ಯಗಳನ್ನು ಆಡಿದ್ದೂ ಇದೇ ತೊಪೊಲಾದ ಅಂಗಳದಲ್ಲಿ.

ನೀಲಿ–ಬಿಳಿ ಕ್ಲಬ್ಬಿನ ಬಣ್ಣ. ಲೀಗಿನಲ್ಲಿ ಅತ್ಯುತ್ತಮ ಸಾಧನೆ 2022–23ರ ಎರಡನೇ ಸ್ಥಾನ. ಝಿಗಿಚ್ ಆಗಲಿ ತಾದಿಚ್ ಆಗಲಿ ಟಿಎಸ್‌ಸಿ ಎಂಬ ಹೆಸರಿನಲ್ಲಿ ಒಂದು ಲೀಗ್ ಪಂದ್ಯವನ್ನೂ ಆಡಿಲ್ಲ.